ಕಾಗದದ ಹೊದಿಕೆಯ ಕಲಾರಸಿಕ

ನುಕಾಗಾ ಕೊಳ್ಳುವ ಕಲಾ ಪುಸ್ತಕಗಳ ಹೆಸರಿನಲ್ಲೆಲ್ಲ ‘ಮೊದಲ ಬಾರಿ ನೋಡುವವರಿಗೆ’ ಎಂಬ ಮಾತು ಇದ್ದೇ ಇರುತ್ತದೆ. ಅಂಗಡಿಯವಳು ಕಾಗದದ ಹೊದಿಕೆ ಹಾಕಿಕೊಡುವವರೆಗೂ ಅವನು ಆ ಹೆಸರಿನ ಮೇಲೆ ಅಂಗೈ ಮುಚ್ಚಿಕೊಂಡೇ ನಿಂತಿರುತ್ತಾನೆ. ಟೋಕಿಯೋದ ರೈಲಿನಲ್ಲಿ ಮೈಗೆ ಮೈ ಒತ್ತಿ ನಿಂತವರಿಗೆ ಅದು ಗಹನ ಗ್ರಂಥವೆಂದೇ ಕಾಣಬೇಕು. ಮ್ಯೂಸಿಯಮ್ಮಿನಲ್ಲೂ ಈ ಸಂಬಳದ ಪ್ರಾಣಿಗೆ ಚಿತ್ರಕ್ಕಿಂತ ಪಕ್ಕದಲ್ಲಿ ಅಂಟಿಸಿದ ವಿವರಣೆಯ ಚೀಟಿಯೇ ಪ್ರಿಯ. ಚೀಟಿ ಓದಿ, “ಖಾಲಿ ಜಾಗದಲ್ಲೇ ಜೀವ ಇದೆ” ಎಂದು ಗೊಣಗುತ್ತಾನೆ. ಬಣ್ಣ ಕಿಕ್ಕಿರಿದ ಚಿತ್ರಕ್ಕೂ ಅದೇ ಮಾತು. ಈ ಭಾನುವಾರ ಉಯೆನೊದ ಮ್ಯೂಸಿಯಮ್ಮಿಗೆ ಅವನ ಜೊತೆ ಬಂದವಳು ಆಫೀಸಿನ ಚಿಹಾಯಾ. ಇವತ್ತು ದಡ್ಡನೆನಿಸಿದರೆ ಇನ್ನೊಂದು ಭಾನುವಾರ ಸಿಗದೆಂಬ ಭಯಕ್ಕೆ ಅವನು ಒಂದೊಂದು ಚೀಟಿಯನ್ನೂ ಎರಡೆರಡು ಸಲ ಓದುತ್ತಿದ್ದ. “ನುಕಾಗಾ ಅವ್ರೇ, ಚೀಟಿಗೇ ಮನಸೋತ್ರಾ? ಚಿತ್ರ ಹೊಟ್ಟೆಕಿಚ್ಚು ಪಡುತ್ತೆ ನೋಡಿ,” ಎಂದು ಅವಳು ನಕ್ಕಳು. ತಲೆಯೆತ್ತಿದರೆ ಚಿತ್ರದಲ್ಲಿ, ಹಿಮದಲ್ಲಿ ಮೂಲಂಗಿ ತೊಳೆಯುವ ಹೆಂಗಸಿನ ಕೆಂಪೇರಿದ ಕೈಗಳು. ಉಪ್ಪಿನಕಾಯಿ ಅಂಗಡಿಗೆ ಮೂಲಂಗಿ ತೊಳೆದೇ ಇವನನ್ನು ಓದಿಸಿದ ಅಮ್ಮನ ಕೈಗಳೇ ಅವು. “ನಿಲ್ಲಬೇಡಿ, ಮುಂದೆ ಸಾಗಿ,” ಎಂದ ಕಾವಲುಗಾರ. ಯಾರ ಅಪ್ಪಣೆಯನ್ನೂ ಮೀರದ ನುಕಾಗಾನ ಕಾಲು ಕದಲಲಿಲ್ಲ. ಚಿತ್ರದ ಮುಂದೆ ಕಣ್ಣು ತುಂಬಿಕೊಂಡರೆ ಏನು ಮಾಡಬೇಕೆಂದು ಅವನು ಎಲ್ಲೂ ಓದಿರಲಿಲ್ಲ. ಚಿಹಾಯಾ ನೋಡಿಬಿಟ್ಟಳೇನೋ ಎಂದು ಅವಳ ಕಡೆ ತಿರುಗದೆ ಚಿತ್ರವನ್ನೇ ನೋಡುತ್ತ ನಿಂತ. ಅವಳು ಕಾವಲುಗಾರನಿಗೆ ಸೊಂಟ ಬಗ್ಗಿಸಿ ನಮಿಸಿ ಮೆಲ್ಲಗೆ ಅಂದಳು: “ಕ್ಷಮಿಸಿ, ಇವ್ರು ಇನ್ನೂ ನೋಡ್ತಿದಾರೆ.”