ನಾನೂ ನಾದಿನಿಯೂ ಕ್ಯಾಸೆಟ್ ಆದದ್ದು

ಆಗ ನನಗೆ ನಲವತ್ತಾರು. ಅದಾಗಿ ಇಪ್ಪತ್ತೈದು ವರ್ಷ ಆಯಿತು.

ನಾದಿನಿ ನನಗಿಂತ ಚಿಕ್ಕವಳು. ಗಂಡ ಸತ್ತ ಮೇಲೆ ಅರಕಲಗೂಡಿನಿಂದ ಹೊಳೆನರಸೀಪುರಕ್ಕೆ, ನಮ್ಮ ಮನೆಗೇ ಬಂದು ನಿಂತಳು. ಮೊದಮೊದಲು ನಮಗಿಬ್ಬರಿಗೂ ಆಗುತ್ತಿರಲಿಲ್ಲ. ಉಪ್ಪಿಗೆ ಜಗಳ, ನೀರಿಗೆ ಜಗಳ. ನಾನು ಮಾತು ಮುಗಿಸುವ ಮುಂಚೆಯೇ ಅದರ ಬಾಲ ಹಿಡಿದು ತಿರುಗಿಸಿ ಹೊಡೆಯುತ್ತಿದ್ದಳು. ಒಂದು ದಿನ ಕಾಯಿ ತುರಿಯುತ್ತಾ ಕೂತಿದ್ದಾಗ ಬೈಗುಳವನ್ನೇ ರಾಗ ಎಳೆದು ಅಂದೆ. ಅವಳು ಅದೇ ರಾಗದಲ್ಲಿ ವಾಪಸ್ಸು ಕೊಟ್ಟಳು. ಇಬ್ಬರಿಗೂ ನಗು ಬಂತು. ನಮ್ಮ ಹಾಡು ಶುರುವಾದದ್ದು ಹಾಗೆ.

ಮದುವೆಗಳಲ್ಲಿ ಸೋಬಾನೆ ಹೇಳುವವರು ಬೇರೆ ಇದ್ದರು. ಗಂಡ ಸತ್ತವಳು ಧಾರೆಯ ಹೊತ್ತಿಗೆ ಬಾಯಿ ತೆಗೆಯಬಾರದು ಅನ್ನುವ ಜನ. ಸರಿ, ನಾವು ಧಾರೆಗೆ ಹೋಗಲೇ ಇಲ್ಲ. ಆಮೇಲಿನ ಬೀಗರ ಊಟಕ್ಕೆ ಹೋದೆವು. ಅಲ್ಲಿ ಬೀಗರನ್ನು ಹಂಗಿಸಿ ಹಾಡುವುದು ವಾಡಿಕೆ. ಹಳೆಯ ಹಾಡುಗಳಲ್ಲಿ ಒನಕೆ, ಬೀಸುವ ಕಲ್ಲು ಇದ್ದವು. ಅವು ಆಗಲೇ ಯಾರ ಮನೆಯಲ್ಲೂ ಇರಲಿಲ್ಲ. ನಾವು ಕುಕ್ಕರು, ಮಿಕ್ಸಿ, ಕೈಕೊಡುವ ಕರೆಂಟು, ಗೊರೂರಿನ ಬಸ್ಸು ಎಲ್ಲ ಹಾಕಿ ಕಟ್ಟಿದೆವು.

“ಬೀಗರ ಮನೆ ಕುಕ್ಕರು ಕೂಗಿ ಕೂಗಿ ಸಾಕಾಯ್ತು” ಅಂತ ನಾನು ಎತ್ತುತ್ತಿದ್ದೆ.

ನನ್ನ ಉಸಿರು ಮುಗಿಯುವ ಮುಂಚೆ ಅವಳು, “ಬೇಳೆ ಬೇಯ್ಲಿಲ್ಲ, ಬೀಗಿತ್ತಿ ಬೆಂದ್ಳು!”

ಹಿರೀಸಾವೆಯಲ್ಲಿ ಒಬ್ಬ ಬೀಗಿತ್ತಿ ಎಲೆ ಬಿಟ್ಟು ಎದ್ದೇಬಿಟ್ಟಳು. “ಯಾವೂರ್ ಗಯ್ಯಾಳಿಗಳು ಇವು? ಯಾರ್ ಕರುದ್ರು ಇವ್ರನ್ನ?”

“ನಿಮ್ ಕಡೆಯೋರೇ ಕಣವ್ವ. ಕುಂತ್ಕೊ, ಪಾಯ್ಸ ಬತ್ತಾ ಅದೆ,” ಅಂದಳು ನಾದಿನಿ.

ಆ ಯಮ್ಮ ನಕ್ಕು ಕೂತಳು. ಅದೇ ಪಂಕ್ತಿಯಲ್ಲಿದ್ದ ಚನ್ನರಾಯಪಟ್ಟಣದ ಕ್ಯಾಸೆಟ್ ಅಂಗಡಿಯವರು ಕೈ ತೊಳೆದುಕೊಂಡು ಬಂದು, ಹಾಸನದಲ್ಲಿ ರೆಕಾರ್ಡ್ ಮಾಡುವವರು ಇದ್ದಾರೆ, ನೀವು ಹೂಂ ಅನ್ನಿ, ಮಿಕ್ಕಿದ್ದು ನನಗಿರಲಿ ಅಂದರು. ಹೂಂ ಅಂದೆವು. ಅಂದು ಮರೆತೆವು.

ಆಮೇಲೆ ನಾದಿನಿಯ ಗಂಟಲಲ್ಲಿ ಗಂಟು ಕಾಣಿಸಿತು. ಆಪರೇಷನ್ ಆಗಬೇಕು, ಜೀವಕ್ಕೇನೂ ಇಲ್ಲ, ದನಿ ಮಾತ್ರ ಹೇಗೆ ಬರುತ್ತದೋ ಹೇಳಲಾರೆ ಅಂದರು ಹಾಸನದ ಡಾಕ್ಟರು. ವಾಪಸ್ಸು ಬಸ್ಸು ಹತ್ತಿದೆವು. ಊರು ಹತ್ತಿರ ಬಂದಾಗ ಅವಳು ಅಂದಳು:

“ಅತ್ಗೆ, ಕುಯ್ಯೋಕ್ ಮುಂಚೆ ಕ್ಯಾಸೆಟ್ ಆಗ್ಬುಡ್ಲಿ. ಆಮ್ಯಾಕೆ ದನಿ ಓದ್ರೆ ಓಗ್ಲಿ.”

“ಓದ್ರೆ ನನ್ ಕೂಡೆ ಜಗಳ ಆಡಕೆ ಏನ್ ಮಾಡ್ತೀಯೆ?”

“ಕೈ ಅವೆಯಲ್ಲ.”

ಅಂಗಡಿಯವರಿಗೆ ಹೇಳಿ ಕಳಿಸಿದೆವು. ಸಿಕ್ಕಿದ್ದು ಒಂದೇ ದಿನ. ಅದೇ ಸಂಜೆಯೊಳಗೆ ಅವಳು ಆಸ್ಪತ್ರೆ ಸೇರಬೇಕು, ಮಾರನೆಯ ಬೆಳಿಗ್ಗೆ ಆಪರೇಷನ್. ಹಾಸನದಲ್ಲಿ, ಗೋಡೆಗೆಲ್ಲ ಹಾಸಿಗೆ ಬಡಿದಿದ್ದ ರೆಕಾರ್ಡಿಂಗ್ ಕೋಣೆ. ರೆಕಾರ್ಡ್ ಮಾಡುವವರು, ಒಬ್ಬೊಬ್ಬರೇ ಹಾಡಿ, ಮಿಷಿನ್ನಿನಲ್ಲಿ ನಾನು ಸೇರಿಸುತ್ತೇನೆ, ದನಿ ಚೊಕ್ಕಟವಾಗಿ ಬರುತ್ತದೆ ಅಂದರು. ನಾನು ಒಳಗೆ ಹೋದೆ. ಕುಕ್ಕರು ಕೂಗಿಸಿದೆ. ಸುಮ್ಮನಾದೆ.

“ಮುಂದೆ ಹೇಳಿ ಅಮ್ಮ.”

“ಮುಂದಿಂದು ನಂಗ್ ಬರಾಕಿಲ್ಲ ಸಾ. ಅದು ಅವಳ್ದು.”

“ನಿಮ್ಮದೇ ಹಾಡಲ್ವಾ?”

“ಅರ್ಧ ನಂದು.”

ಅಷ್ಟು ಮದುವೆ ಹಾಡಿದ್ದರೂ ಅವಳ ಪಾಲಿನದನ್ನು ನಾನು ಕಲಿತಿರಲಿಲ್ಲ, ನನ್ನದನ್ನು ಅವಳು ಕಲಿತಿರಲಿಲ್ಲ. ಕಲಿಯಬೇಕು ಅಂತ ಹೊಳೆದೇ ಇರಲಿಲ್ಲ. ರೆಕಾರ್ಡ್ ಮಾಡುವವರು, ಅವರ ಪಾಲಿಗೆ ಜಾಗ ಬಿಟ್ಟು ನಿಮ್ಮದಷ್ಟೇ ಹಾಡಿ ಅಂದರು. ಎಷ್ಟು ಬಿಡಬೇಕು? ಅವಳು ಹಿಡಿಯದೆ ನನ್ನ ಮುಂದಿನ ಸೊಲ್ಲೇ ಬಾಯಿಗೆ ಬರಲಿಲ್ಲ. ಅವಳೊಬ್ಬಳನ್ನೇ ಒಳಗೆ ಕಳಿಸಿ, ಕಿವಿಗೆ ನನ್ನ ದನಿ ಹಾಕಿ ನೋಡಿದರು. ಅವಳು ಈಚೆ ಬಂದು ಗೋಡೆಗೆ ಮುಖ ಮಾಡಿ ನಿಂತಳು.

“ಅತ್ಗೆ ಬಾಯ್ ಕಾಣ್ದೆ ನಂಗಾಗಕಿಲ್ಲ ಸಾ. ಬುಟ್ಬುಡಿ. ನಾವ್ ಓಯ್ತೀವಿ.”

ನಮ್ಮ ಹೊತ್ತೂ ಮುಗಿದಿತ್ತು. ಹೊರಗೆ ಆರ್ಕೆಸ್ಟ್ರಾದವರು ತಮ್ಮ ಸರದಿಗೆ ಕಾಯುತ್ತಿದ್ದರು. ಅವರಲ್ಲಿ ಕೀಬೋರ್ಡ್ ನುಡಿಸುವವರು ಬಾಗಿಲಲ್ಲಿ ಇಣುಕಿ ಏನಾಯಿತು ಅಂದರು. ನಾನು ಗಂಟಲು, ಆಪರೇಷನ್ ಎಲ್ಲ ಹೇಳಿದೆ.

“ನಮ್ ಗಂಟ್ಲು ನಾಳೆನೂ ಇರ್ತವೆ. ಇವರ್ದು ಮುಗಿಸ್ಕೊಡಪ್ಪ,” ಅಂತ ರೆಕಾರ್ಡ್ ಮಾಡುವವರಿಗೆ ಹೇಳಿ, ಸಾಮಾನು ಎತ್ತಿಕೊಂಡು ಹೊರಟೇಹೋದರು. ಅವರ ಹೆಸರೂ ಕೇಳಲಿಲ್ಲ ನಾನು. ಎಲ್ಲಿದ್ದರೂ ಚೆನ್ನಾಗಿರಲಿ.

ರೆಕಾರ್ಡ್ ಮಾಡುವವರು, “ಮದುವೆಮನೇಲಿ ಹೇಗೆ ಕೂತ್ಕೋತೀರಿ?” ಅಂದರು. ಮಂಡಿಗೆ ಮಂಡಿ ತಗಲಿಸಿ ಎದುರುಬದುರು ಕೂತು ತೋರಿಸಿದೆವು. ನಡುವೆ ಒಂದೇ ಮೈಕು ಇಟ್ಟರು. ಬಳೆ ಸದ್ದಾಗುತ್ತದೆ ಅಂತ ನನ್ನ ಕೈಗೆ ಟವಲು ಸುತ್ತಿದರು. ಹಾಡಿದೆವು. ನಡುವೆ ಅವಳಿಗೆ ಕೆಮ್ಮು ಬಂತು. ನಾನು ನಿಲ್ಲಿಸಲಿಲ್ಲ, “ಬೀಗರ ಮನೆ ಒಗ್ಗರಣೆ ಘಾಟು ಇಲ್ಲಿಗ್ ಬಂತು” ಅಂತ ಸೇರಿಸಿದೆ. ಅವಳು ಕೆಮ್ಮುತ್ತಲೇ ನಕ್ಕಳು. ಅದು ಕ್ಯಾಸೆಟ್ಟಿನಲ್ಲಿ ಹಾಗೇ ಇದೆ.

ಆಪರೇಷನ್ ಆದ ಮೇಲೆ ಅವಳ ದನಿ ದಪ್ಪಗಾಯಿತು, ಮೇಲಕ್ಕೆ ಏರಲಿಲ್ಲ. ಅವಳ ಪಾಲಿನ ಸೊಲ್ಲೆಲ್ಲ ಮೇಲೇ ಇದ್ದವು. ಕ್ಯಾಸೆಟ್ ಹಾಕಿ ಹಾಕಿ ಕೇಳಿ ಅವಳದನ್ನು ನಾನು ಕಲಿತೆ, ನನ್ನದನ್ನು ಅವಳು ಕಲಿತಳು. ಆ ಕ್ಯಾಸೆಟ್ ಇಲ್ಲದಿದ್ದರೆ ಕಲಿಸುವವರು ಯಾರಿದ್ದರು? ಅದಲುಬದಲು ಮಾಡಿಕೊಂಡು ಮತ್ತೆಷ್ಟೋ ವರ್ಷ ಹಾಡಿದೆವು. ಆಮೇಲೆ ಸೀಡಿ ಬಂತು, ಬೀಗರ ಊಟಕ್ಕೂ ದೊಡ್ಡ ಸ್ಪೀಕರು ಬಂತು, ನಮ್ಮನ್ನು ಕರೆಯುವುದು ನಿಂತಿತು. ನಾವೇನೂ ಅಳಲಿಲ್ಲ. ನೆಲದ ಮೇಲೆ ಕೂರಲು ಮಂಡಿಯೂ ಬಿಡುತ್ತಿರಲಿಲ್ಲ. ಉಪ್ಪು ನೀರಿಗೆ ಕಿತ್ತಾಡಿಕೊಂಡೇ ಮುದುಕಿಯರಾಗಬೇಕಿದ್ದ ನಾವು ಅಷ್ಟು ಊರು ತಿರುಗಿದೆವು, ಅಷ್ಟು ಜನ ಅನ್ನ ಕಲಸುವುದು ಬಿಟ್ಟು ನಕ್ಕರು. ನನ್ನ ಪಾಲಿಗೆ ಅದು ಬಹಳ ಆಯಿತು.

ರೆಕಾರ್ಡಿಂಗ್ ಆದ ಮಾರನೆಯ ಬೆಳಿಗ್ಗೆ ಆಸ್ಪತ್ರೆಯಲ್ಲಿ, ನರ್ಸಮ್ಮ ಹೇಳಿದ ಹಾಗೆ, ಅವಳ ತಲೆ ಬಾಚಿ ಎರಡು ಜಡೆ ಹಾಕಿದೆ.

“ಬಿಗೀಬ್ಯಾಡ ಅತ್ಗೆ, ಸ್ಕೂಲ್ಗೆ ಕಳುಸ್ತಿದ್ದೀಯಾ?” ಅಂದಳು.

ಒಳಗೆ ಕರೆದುಕೊಂಡು ಹೋದರು. ನಾನು ಎದುರಿನ ಹೋಟೆಲಿನಲ್ಲಿ ಇಡ್ಲಿ ತಿಂದು ಬಂದು ಬಾಗಿಲ ಹತ್ತಿರ ಕೂತೆ.