ಕೆಂಪು ಹೆಸರಿನ ಅಕ್ಕ

ಒಂದೇ ಕಡೆ ಸುಮ್ಮನೆ ಕೂರುವುದು ನನ್ನಿಂದ ಆಗದ ಕೆಲಸ. ಸವಣೂರಿನಲ್ಲಿ ಬ್ಲೌಸ್ ಹೊಲಿಯುವ ಅಂಗಡಿ ಇಟ್ಟುಕೊಂಡವಳು ಹೀಗೆ ಹೇಳಿದರೆ ನಗು ಬರಬಹುದು. ಆದರೆ ಮಷೀನಿನ ಮುಂದೆ ಕುಳಿತವಳ ಕಾಲು ಓಡುತ್ತಲೇ ಇರುತ್ತದೆ, ಅದಕ್ಕೇ ಆ ಕೆಲಸ ನನಗೆ ಒಗ್ಗಿದೆ. ಕಾಲು ನಿಂತರೆ ತಲೆ ಓಡಲು ಶುರು ಮಾಡುತ್ತದೆ. ಮಧ್ಯಾಹ್ನ ಗಿರಾಕಿಗಳಿಲ್ಲದ ಹೊತ್ತಿನಲ್ಲಿ ಆ ತಲೆಗೊಂದು ಉದ್ಯೋಗ ಕೊಡಲೆಂದೇ ನಾನು ಫೋನಿನಲ್ಲಿ ಆಟ ಹಿಡಿದದ್ದು, ಮಾಸೂರಿಗೆ ಮದುವೆಯಾಗಿ ಹೋದ ನನ್ನ ಅಕ್ಕನನ್ನೂ ಅದಕ್ಕೆ ಎಳೆದದ್ದು.

ಕೋಟೆ, ಕಾಡು, ಕುದುರೆ ಇರುವ ಆಟ ಅದು. ಎಲ್ಲೆಲ್ಲಿಯದೋ ಜನ ಅದರೊಳಗೆ ಒಂದೊಂದು ವೇಷ ಹಾಕಿಕೊಂಡು ಬದುಕು ನಡೆಸುತ್ತಾರೆ. ಅಕ್ಕ ಬಿಲ್ಲು ಹಿಡಿದವಳು, ನಾನು ಗಾಯ ಮಾಯಿಸುವ ವೈದ್ಯಗಿತ್ತಿ. ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಆಡುತ್ತ ಆಡುತ್ತ ಮಾತಾಡುತ್ತಿದ್ದೆವು. ಪರದೆಯ ಮೇಲೆ ತೋಳ ಬೆನ್ನಟ್ಟಿ ಬರುತ್ತಿದ್ದರೆ, ನಮ್ಮ ಬಾಯಲ್ಲಿ ಅವ್ವನ ಮೊಣಕಾಲು ನೋವಿನ ಸುದ್ದಿ. ಅಪ್ಪ ಇದ್ದಿದ್ದರೆ ಇಬ್ಬರಿಗೂ ಬೈಯುತ್ತಿದ್ದ.

ಆ ಲೋಕದ ಕಾನೂನು ಸರಳ. ತಪ್ಪು ಮಾಡದವರ ಹೆಸರು ತಲೆಯ ಮೇಲೆ ಹಸಿರು ಅಕ್ಷರದಲ್ಲಿ ಕಾಣುತ್ತದೆ. ಹಸಿರು ಹೆಸರಿನವರ ಮೇಲೆ ಕೈ ಮಾಡಿದರೆ ನಿಮ್ಮ ಹೆಸರು ಸ್ವಲ್ಪ ಹೊತ್ತು ಬೂದಿ ಬಣ್ಣಕ್ಕೆ ತಿರುಗುತ್ತದೆ. ಆಗ ನಿಮ್ಮನ್ನು ಯಾರು ಬೇಕಾದರೂ ಹೊಡೆಯಬಹುದು, ಕೇಳುವವರಿಲ್ಲ. ಕೊಂದರೆ ಹೆಸರು ಕೆಂಪು. ಕೆಂಪಾದವರಿಗೆ ಕೋಟೆಯ ಬಾಗಿಲು ಬಂದ್. ಅಂಗಡಿಯವರು ಸಾಮಾನು ಕೊಡುವುದಿಲ್ಲ, ಕಾವಲುಗಾರರು ಕಂಡಲ್ಲಿ ಈಟಿ ಎಸೆಯುತ್ತಾರೆ. ಶಿಕ್ಷೆಯ ಹೊತ್ತು ನೀವು ಆಟದೊಳಗೆ ಇದ್ದಾಗ ಮಾತ್ರ ಕರಗುತ್ತದೆ, ಫೋನು ಆರಿಸಿ ತಪ್ಪಿಸಿಕೊಳ್ಳುವ ಹಾಗಿಲ್ಲ. ಆದರೆ ಎಷ್ಟು ಉಳಿದಿದೆ ಎಂಬುದು ಪರದೆಯ ಮೂಲೆಯಲ್ಲಿ ಯಾವಾಗಲೂ ಕಾಣುತ್ತಿರುತ್ತದೆ. ಆಗ ನನಗೆ ಅದರಲ್ಲೇನೂ ವಿಶೇಷ ಅನ್ನಿಸಿರಲಿಲ್ಲ.

ಈ ಸಲದ ಮಳೆಗಾಲದಲ್ಲಿ ಅಕ್ಕ ಇದ್ದಕ್ಕಿದ್ದಂತೆ ಜನರನ್ನು ಕೊಲ್ಲಲು ಶುರು ಮಾಡಿದಳು. ಮೊದಲು ದಾರಿಯಲ್ಲಿ ಹೋಗುತ್ತಿದ್ದ ಒಬ್ಬ ವ್ಯಾಪಾರಿ, ಮರುದಿನ ಸೌದೆ ಕಡಿಯುತ್ತಿದ್ದ ಇನ್ನೊಬ್ಬ. ಇರುವೆ ಕಂಡರೂ ದಾಟಿ ನಡೆಯುವ ಹೆಂಗಸು ಅವಳು. "ಯಾಕಬೇ, ಮಾವನ ಮ್ಯಾಲಿನ ಸಿಟ್ಟ ಈ ಬಡಪಾಯಿಗಳ ಮ್ಯಾಲ ತೀರಿಸಾಕತ್ತಿ ಏನ?" ಎಂದು ಕಾಡಿದೆ. ಅವಳ ಗಂಡನನ್ನು ನಾನು ಮಾವ ಎಂದೇ ಕರೆಯುವುದು. ಅಕ್ಕ ನಗಲಿಲ್ಲ. ಅದು ನನ್ನ ಮನಸ್ಸಿನಲ್ಲಿ ಮುಳ್ಳಿನಂತೆ ಉಳಿಯಿತು. ಆ ವಾರ ಎರಡು ಸೂಜಿ ಮುರಿದೆ.

ಒಂದು ಮಧ್ಯಾಹ್ನ ಆಟದಲ್ಲಿ ಅವಳನ್ನು ಯಾರೋ ಅಟ್ಟಿಸಿಕೊಂಡು ಬಂದರು. ಕೋಟೆ ಬಾಗಿಲಿನಿಂದ ಸ್ವಲ್ಪ ಆಚೆ ಅವಳು ಬಿದ್ದುಕೊಂಡಿದ್ದಳು, ಜೀವ ಇನ್ನೇನು ಹೋಗುವುದರಲ್ಲಿತ್ತು. ನಾನು ಬಾಗಿಲಲ್ಲೇ ಇದ್ದೆ. ನಾವು ಹುಟ್ಟಿ ಬೆಳೆದ ದುಂಡಸಿಯ ಮನೆಯಲ್ಲಿ ಬಾಗಿಲಿಗೆ ಬಂದವರಿಗೆ ಮೊದಲು ನೀರು, ಬೆಲ್ಲ. ಯಾರು, ಎತ್ತ, ಯಾಕೆ ಬಂದಿರಿ ಎಂಬುದೆಲ್ಲ ಆಮೇಲೆ. ಕೈ ತನ್ನಷ್ಟಕ್ಕೆ ತಾನೇ ಮದ್ದಿನ ಶೀಶೆಯ ಮೇಲೆ ಹೋಯಿತು. ಅಕ್ಕನ ಜೀವ ಏರಿತು. ಮರುಕ್ಷಣ ನನ್ನ ಹೆಸರು ಬೂದಿ ಬಣ್ಣಕ್ಕೆ ತಿರುಗಿ, ಪಕ್ಕದಲ್ಲೇ ನಿಂತಿದ್ದ ಕಾವಲುಗಾರ ನನ್ನನ್ನು ಈಟಿಯಿಂದ ತಿವಿದು ಕೆಡವಿದ. ಹೋಗಿ ಬರುವವರು ನನ್ನ ಚೀಲ ದೋಚಿಕೊಂಡು ಹೋದರು. ಕೊಂದವಳು ಓಡಿಹೋಗಿ ಬದುಕಿದಳು, ಮದ್ದು ಕೊಟ್ಟವಳು ಸತ್ತಳು. ನನಗೆ ಮೈಯೆಲ್ಲ ಉರಿಯಿತು.

"ಕೆಂಪ ಹೆಸರಿನಾಕಿಗೆ ಮದ್ದ ಕೊಟ್ರ ಕೊಟ್ಟಾಕಿಗೂ ಶಿಕ್ಷಾ. ನಿನಗ ಗೊತ್ತಿರಲಿಲ್ಲೇನ?" ಎಂದಳು ಅಕ್ಕ ಕಿವಿಯಲ್ಲಿ.

"ಇದೆಂಥಾ ಕಾನೂನ? ಮಾಡಿದವಗ ತಲಿ ಇಲ್ಲ."

"ಯಾಕ, ಇಲ್ಲೂ ಹಂಗ ಅದ."

"ಇಲ್ಲಿ ಅಂದ್ರ ಎಲ್ಲಿ?"

"ಮಾಸೂರಾಗ."

ಆಮೇಲೆ ಬಿಟ್ಟು ಬಿಟ್ಟು ಹೇಳಿದಳು. ಮದಗದ ಕೆರೆಯ ಕಾಲುವೆ ನೀರು ಪಾಳಿಯ ಮೇಲೆ ಒಬ್ಬೊಬ್ಬರ ಗದ್ದೆಗೆ ಹೋಗುತ್ತದೆ. ಮಾವ ತನ್ನ ಪಾಳಿ ಇಲ್ಲದ ದಿನ ನೀರನ್ನು ತನ್ನ ಗದ್ದೆಗೆ ತಿರುಗಿಸಿಕೊಂಡು ಸಿಕ್ಕಿಬಿದ್ದ. ಕೆಳಗಿನ ಗದ್ದೆಯವರ ಸಸಿ ಮಡಿ ಒಣಗಿತು. ಹಿರಿಯರು ಕರೆಸಿ ಬೈದರು, ಮಾವ ತಲೆ ತಗ್ಗಿಸಿ ಬಂದ. ಯಾರೂ ಡಂಗುರ ಸಾರಲಿಲ್ಲ, ಯಾರೂ ತೀರ್ಪು ಹೇಳಲಿಲ್ಲ. ಮರುದಿನದಿಂದ ಆ ಮನೆಯ ಜೊತೆ ಊರು ಮಾತು ಬಿಟ್ಟಿತು. ಮಾತಾಡಿಸಿದವರ ಜೊತೆಗೂ ಉಳಿದವರು ಮಾತು ಬಿಡುತ್ತಾರೆ. ಹಾಗಾಗಿ ಅಕ್ಕನ ಗೆಳತಿಯರು ಕೂಡ ಅವಳನ್ನು ಕಂಡರೆ ಸೆರಗು ಸರಿಮಾಡಿಕೊಳ್ಳುತ್ತ ಬೇರೆ ಓಣಿಗೆ ತಿರುಗುತ್ತಿದ್ದರು.

ನೀರು ತಿರುಗಿಸಿದವನು ಮಾವ. ಅವನು ಬೆಳಿಗ್ಗೆ ಟ್ರ್ಯಾಕ್ಟರ್ ಹತ್ತಿ ಹಿರೇಕೆರೂರಿಗೆ ಹೋದರೆ ಅಲ್ಲಿ ಅವನಿಗೆ ಗೆಳೆಯರಿದ್ದಾರೆ, ಚಹಾ ಇದೆ, ಹರಟೆ ಇದೆ. ಊರಿನಲ್ಲಿ ಉಳಿದವಳು ಅಕ್ಕ. ಇದನ್ನು ಬರೆಯುವಾಗಲೂ ನನಗೆ ಸಿಟ್ಟು ಬರುತ್ತಿದೆ. ತಲೆಯಿಲ್ಲದ ಕಾವಲುಗಾರ ಕೂಡ ಗಂಡ ಮಾಡಿದ್ದಕ್ಕೆ ಹೆಂಡತಿಗೆ ಈಟಿ ಎಸೆಯುವುದಿಲ್ಲ.

ಇನ್ನೂ ಕೆಟ್ಟದ್ದು ಮುಂದಿತ್ತು. ನಾಟಿಯ ಕಾಲದಲ್ಲಿ ಆ ಓಣಿಯ ಹೆಂಗಸರು ಮುಯ್ಯಿ ಆಳು ಹೋಗುತ್ತಾರೆ, ಇವತ್ತು ನಾನು ನಿನ್ನ ಗದ್ದೆಗೆ, ನಾಳೆ ನೀನು ನನ್ನ ಗದ್ದೆಗೆ. ನೀರಿನ ಗಲಾಟೆಗೆ ಮುಂಚೆಯೇ ಅಕ್ಕ ಎಷ್ಟೋ ಮಂದಿಯ ಗದ್ದೆಯಲ್ಲಿ ಬಗ್ಗಿ ನೆಟ್ಟು ಬಂದಿದ್ದಳು. ಅವಳ ಸರದಿ ಬಂದಾಗ ಒಬ್ಬರೂ ಬರಲಿಲ್ಲ. ಸಸಿ ಮಡಿಯಲ್ಲೇ ಬಲಿಯುತ್ತಿತ್ತು. ಇನ್ನೊಂದು ವಾರ ಹಾಗೇ ಬಿಟ್ಟರೆ ಅದನ್ನು ನೆಟ್ಟೂ ಉಪಯೋಗವಿಲ್ಲ, ವರ್ಷದ ಬೆಳೆ ಹೋದಂತೆ.

"ಆಟದಾಗ ನಾ ಕೊಂದೇನಿ, ಅದಕ್ಕ ಕೆಂಪ ಆಗೇನಿ. ಎಷ್ಟ ಹೊತ್ತ ಅಂತ ಮೂಲ್ಯಾಗ ಕಾಣ್ತದ. ಊರಾಗ ನಾ ಏನ್ ಮಾಡೇನಿ? ಎಂದ ಮುಗೀತದ ಅಂತ ಯಾರ್ನ ಕೇಳ್ಲಿ?" ಎಂದಳು. ಅವಳು ಅಳಲಿಲ್ಲ. ನಾನು ಅತ್ತೆ, ಅದೂ ಸಿಟ್ಟಿಗೆ.

ದುಂಡಸಿಯಲ್ಲಿರುವ ಅವ್ವನಿಗೆ ಫೋನು ಹಚ್ಚಿದೆ. ಅವಳಿಗೆ ಎಲ್ಲ ಗೊತ್ತಿತ್ತು. "ನೀ ಹೋಗಬ್ಯಾಡ. ಹೋದ್ರ ಅವರಿಗೆ ಇನ್ನಷ್ಟ ಸಿಟ್ಟ ಬರ್ತದ. ತಾನ ತಣ್ಣಗಾಗ್ತದ, ಬಿಡು."

"ಅವರು ತಣ್ಣಗಾಗೂತನಕ ಸಸಿ ಕಾಯಂಗಿಲ್ಲವ್ವ," ಎಂದು ಇಟ್ಟುಬಿಟ್ಟೆ.

ಮರುದಿನ ಬೆಳಿಗ್ಗೆ, ಒಂದೇ ತೋಳು ಹಚ್ಚಿದ್ದ ಬ್ಲೌಸನ್ನು ಮಷೀನಿನ ಮೇಲೇ ಬಿಟ್ಟು ಶಟರ್ ಎಳೆದೆ. ಹಾವೇರಿಯ ಮೇಲೆ ಹೋದರೆ ದಾರಿ ಹತ್ತಿರ, ಆದರೆ ಆ ಬಸ್ಸು ಇನ್ನೂ ಬಂದಿರಲಿಲ್ಲ. ಶಿಗ್ಗಾವಿಯ ಬಸ್ಸು ಹೊರಟಿತ್ತು, ಹತ್ತಿಬಿಟ್ಟೆ. ನಿಲ್ಲುವುದಕ್ಕಿಂತ ಸುತ್ತುವುದು ನನಗೆ ಮೇಲು. ಶಿಗ್ಗಾವಿಯಿಂದ ಹಾನಗಲ್ಲು. ಅಲ್ಲಿ ಹಿರೇಕೆರೂರಿನ ಬಸ್ಸಿಗೆ ಕಾಯುತ್ತ ಸ್ಟ್ಯಾಂಡಿನ ಈ ಕಂಬದಿಂದ ಆ ಕಂಬಕ್ಕೆ ಅಡ್ಡಾಡುತ್ತಲೇ ಇದ್ದೆ. ಶೇಂಗಾ ಮಾರುವವನು ನೋಡಿ ನೋಡಿ ಕೊನೆಗೆ, "ಕುಂತ್ಗೋರಿ ಅಕ್ಕಾರ, ನಿಮ್ಮನ್ನ ನೋಡಿ ನನಗ ದಮ್ಮ ಹತ್ತಾಕತ್ತದ," ಎಂದ. ಕೂತೆ. ಅವನು ಆ ಕಡೆ ತಿರುಗಿದ ಕೂಡಲೇ ಮತ್ತೆ ಎದ್ದೆ.

ಮಾಸೂರಿನಲ್ಲಿ ಅಕ್ಕ ಬಾಗಿಲು ತೆರೆದವಳೇ, "ಬರೂವಾಗ ಯಾರರ ನೋಡಿದ್ರೇನ?" ಎಂದಳು.

"ಎಲ್ಲಾರೂ ನೋಡ್ಯಾರ. ನೋಡ್ಲಿ ಅಂತನ ನಡು ಓಣ್ಯಾಗ ಹಾಯ್ದ ಬಂದೇನಿ."

ಅವಳು ನೀರು, ಬೆಲ್ಲ ತಂದಿಟ್ಟಳು. ತಂಬಿಗೆ ಕೊಡುವಾಗ ಅವಳ ಕೈ ನನ್ನ ಕೈ ಮೇಲೆ ಸ್ವಲ್ಪ ಹೆಚ್ಚೇ ಹೊತ್ತು ಇತ್ತು.

ಬೆಳಗಾಗುತ್ತಲೇ ಟ್ರ್ಯಾಕ್ಟರಿನ ಕೀಲಿ ಹುಡುಕುತ್ತಿದ್ದ ಮಾವನಿಗೆ, "ಕೀಲಿ ನನ್ನ ಹತ್ರ ಅದರಿ. ಇವತ್ತ ನೀವೂ ಬಗ್ಗೂದದ," ಎಂದೆ. ಅವನು ಪಂಚೆ ಎತ್ತಿ ಕಟ್ಟಿದ. ಅಕ್ಕ ಹೊರಡುವ ಮುಂಚೆ ಫೋನು ಚಾರ್ಜಿಗೆ ಹಾಕಿ, ಆಟದಲ್ಲಿ ತನ್ನ ಬಿಲ್ಲುಗಾತಿಯನ್ನು ಕೋಟೆಯಾಚೆಯ ಕೆರೆಯ ದಂಡೆಯಲ್ಲಿ ಗಾಳ ಹಿಡಿಸಿ ನಿಲ್ಲಿಸಿದಳು. ಗಾಳ ಹಾಕಿ ನಿಂತವರು ತಾವಾಗಿ ಮೀನು ಹಿಡಿಯುತ್ತಾರೆ, ಹೊತ್ತು ಕರಗುತ್ತದೆ. "ಆ ಶಿಕ್ಷಾ ಆದ್ರೂ ಕಡಿಮಿ ಆಗ್ಲಿ," ಎಂದಳು.

ಗದ್ದೆಯಲ್ಲಿ ನಾವು ಮೂವರು. ನನಗೆ ನಾಟಿಯ ರೂಢಿ ಇಲ್ಲ, ಒಂದೊಂದು ಸಸಿಯನ್ನೂ ಸಾಲು ನೋಡಿ ಇಡುತ್ತಿದ್ದೆ. "ನೀ ಸಸಿ ಹಚ್ಚಾಕತ್ತಿ ಇಲ್ಲ, ಹೊಲಗಿ ಹಾಕಾಕತ್ತಿ," ಎಂದು ಅಕ್ಕ ನಕ್ಕಳು. ಎಷ್ಟೋ ದಿನದ ಮೇಲೆ ಕೇಳಿದ ನಗು. ಪಕ್ಕದ ಗದ್ದೆಯಲ್ಲಿ ಮುಯ್ಯಿ ಆಳಿನ ಹೆಂಗಸರ ಗುಂಪೊಂದು ಬಗ್ಗಿತ್ತು. ಅಷ್ಟೊತ್ತಿನ ತನಕ ಹಾಡುತ್ತಿದ್ದವರು ನಮ್ಮನ್ನು ಕಂಡು ಹಾಡು ನಿಲ್ಲಿಸಿದ್ದರು. ಅಕ್ಕ ಯಾರ ಯಾರ ಗದ್ದೆಗೆ ಹೋಗಿದ್ದಳೋ ಅವರೆಲ್ಲ ಆ ಗುಂಪಿನಲ್ಲಿದ್ದರು.

ಮಧ್ಯಾಹ್ನ ನನಗೆ ತಡೆಯಲಾಗಲಿಲ್ಲ. ಅಕ್ಕನ ಸಣ್ಣ ತಾಮ್ರದ ಕೊಡ ಎತ್ತಿಕೊಂಡು, ಬೆಲ್ಲವನ್ನು ಒಂದು ಅರಿವೆಯ ತುಂಡಿನಲ್ಲಿ ಕಟ್ಟಿಕೊಂಡು ಬದುವಿನ ಮೇಲೆ ಹೊರಟೆ. "ಬ್ಯಾಡ," ಎಂದಳು ಅಕ್ಕ ಹಿಂದಿನಿಂದ. ಹತ್ತಿರ ಹೋಗಿ, "ಬಿಸಲಾಗ ಕೆಲಸ ಮಾಡಾಕತ್ತೀರಿ, ನೀರ ಕುಡೀರಿ," ಎಂದೆ. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಯಾರೂ ಕೈ ಚಾಚಲಿಲ್ಲ. ಒಬ್ಬ ಮುದುಕಿ ಮಾತ್ರ, ತಲೆ ಎತ್ತದೆ, ಸಸಿಗೆ ಹೇಳಿದಂತೆ ಹೇಳಿದಳು, "ಅಲ್ಲೇ ಇಟ್ಟ ಹೋಗವ್ವ."

ಇಟ್ಟು ಬಂದೆ. ಸಂಜೆಯವರೆಗೂ ಕಣ್ಣು ಆ ಬದುವಿನ ಕಡೆಗೇ ಹೋಗುತ್ತಿತ್ತು, ನನ್ನ ಸಾಲೆಲ್ಲ ಸೊಟ್ಟಗಾಯಿತು. ಯಾರೂ ಕೊಡ ಮುಟ್ಟಿದ್ದು ನಾನು ಕಾಣಲಿಲ್ಲ. ಹೊತ್ತು ಇಳಿಯುವಾಗ ಅವರು ನಮ್ಮ ಕಡೆ ತಿರುಗದೆ ಹೊರಟುಹೋದರು. ಗದ್ದೆಯಲ್ಲಿ ಇನ್ನೂ ಅರ್ಧಕ್ಕಿಂತ ಹೆಚ್ಚು ಉಳಿದಿತ್ತು.

ಕೊಡ ತರಲು ಹೋದೆ. ಎತ್ತಿದರೆ ಹಗುರ. ಚೆಲ್ಲಿಯೂ ಇರಬಹುದು ಅಂದುಕೊಂಡೆ, ಸುತ್ತ ಎಲ್ಲ ಕೆಸರು, ಹೇಗೆ ತಿಳಿಯಬೇಕು. ಆಮೇಲೆ ಕೊಡದ ಕೆಳಗಿದ್ದ ಅರಿವೆ ಕಣ್ಣಿಗೆ ಬಿತ್ತು. ನಾನು ಗಂಟು ಹಾಕಿ ಇಟ್ಟಿದ್ದೆ. ಈಗ ಅದರಲ್ಲಿ ಬೆಲ್ಲವಿರಲಿಲ್ಲ, ಅಂಚಿಗೆ ಅಂಚು ಕೂಡಿಸಿ ಮಡಚಿ, ಗಾಳಿಗೆ ಹಾರದಂತೆ ಕೊಡದ ಅಡಿಗೆ ಇಟ್ಟಿದ್ದರು.

ಎರಡನ್ನೂ ತಂದು ಅಕ್ಕನ ಕೈಗೆ ಕೊಟ್ಟೆ. ಅವಳು ಕೊಡವನ್ನು ಬೋರಲು ಹಿಡಿದಳು, ಹನಿ ಬೀಳಲಿಲ್ಲ. ಅರಿವೆಯನ್ನು ಬಿಚ್ಚಿ ನೋಡಿದಳು, ಮತ್ತೆ ಅದೇ ಮಡಿಕೆಯ ಮೇಲೆ ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡಳು. ಮನೆಗೆ ಬಂದೆವು. ಕಿಟಕಿಯಲ್ಲಿ ಫೋನು ಮಿಣುಗುತ್ತಿತ್ತು, ಅಕ್ಕ ಅತ್ತ ನೋಡಲೂ ಇಲ್ಲ. ಕಾಲು ತೊಳೆದುಕೊಂಡು, ಅಟ್ಟದ ಮೇಲಿನ ಪಾತ್ರೆಗಳನ್ನು ಸರಿಸುತ್ತ ಹೇಳಿದಳು:

"ನಾಳೆ ದೊಡ್ಡ ಕೊಡ ಒಯ್ಯೋಣು."