ದೊರೆಗೆ ಒಂದು ಚೊಂಬು ನೀರು

ನಾನು ಚಿಕ್ಕವನಿದ್ದಾಗ, ಅಂದರೆ ನಮ್ಮ ಟಗರಿನ ಕೊಂಬು ನನ್ನ ಗದ್ದಕ್ಕೆ ತಾಗುತ್ತಿದ್ದ ಕಾಲಕ್ಕೆ, ಅಪ್ಪ ವರ್ಷಕ್ಕೊಂದು ದಿನ ಬ್ರಿಟಿಷರ ಜನರಲ್ ಆಗುತ್ತಿದ್ದ. ನಗಬೇಡಿ ಮಕ್ಕಳೇ, ನಿಜವಾಗಿಯೂ ಆಗುತ್ತಿದ್ದ.

ಹೊಳಲ್ಕೆರೆ ತಾಲ್ಲೂಕಿನ ನಮ್ಮೂರು ಕುರಿ ಕಾಯುವವರ ಊರು. ಊರ ಮುಂದೆ ಕೆರೆ, ಕೆರೆ ಏರಿಯ ಮೇಲೊಂದು ಚಪ್ಪಟೆ ಬಂಡೆ. ಎಷ್ಟೋ ತಲೆಮಾರುಗಳ ಹಿಂದೆ ಒಬ್ಬ ಬ್ರಿಟಿಷ್ ದೊರೆ ದಂಡು ತಂದು ಆ ಬಂಡೆಯ ಮೇಲೆ ಕುಳಿತಿದ್ದನಂತೆ. ಅವನಿಗೆ ಕೆರೆಯ ದಾರಿ ತೋರಿಸಿದವನು ನಮ್ಮ ಮನೆತನದ ಹಿರೀಕ. ಅದಕ್ಕೇ ಪ್ರತಿ ವರ್ಷ, ಕುರಿಗಳ ಉಣ್ಣೆ ಕತ್ತರಿಸಿ ಮುಗಿದ ಮರುದಿನ, ನಮ್ಮ ಮನೆಯವನೊಬ್ಬ ಅಲ್ಲಿ ಕುಳಿತು, ತಾನೇ ದೊರೆಯಾಗಿ, ದೊರೆಯ ಬಾಳನ್ನು ಹೇಳಬೇಕು. ಊರವರು ಬೈಯಬೇಕು, ಒಣಗಿದ ಕುರಿಹಿಕ್ಕೆ ಎಸೆಯಬೇಕು. ಕೊನೆಗೆ ಯಾರ ಏಟು ಜೋರಾಗಿ ಬಿತ್ತೋ ಅವರೇ ಒಂದು ಚೊಂಬು ನೀರು ಕೊಟ್ಟು ಅವನನ್ನು ಎಬ್ಬಿಸಬೇಕು. ಆ ನೀರು ಸಿಗದೆ ಎದ್ದರೆ ದೊರೆಯ ಪಾಪ ನಮ್ಮ ಮನೆಗೇ ಅಂಟುತ್ತದೆ. ಆಮೇಲೆ ಊರಲ್ಲಿ ನಮಗೆ ನೀರು, ಬೆಂಕಿ ಹುಟ್ಟುವುದಿಲ್ಲ. ಅದು ಕಟ್ಟಳೆ.

ಆ ವರ್ಷದ ಬಿಸಿಲು ಕಾದ ಹಂಚಿನಂತಿತ್ತು. ಏರಿಯ ತುಂಬ ಹೊಸ ಉಣ್ಣೆಯ ಜಿಡ್ಡು ವಾಸನೆ. ಅಕ್ಕ ಕೆಮ್ಮಣ್ಣು ಮೆತ್ತಿದ ಕಂಬಳಿಯನ್ನು ಅಪ್ಪನ ಹೆಗಲಿಗೆ ಕಟ್ಟಿದಳು. ಅದೇ ದೊರೆಯ ಕೆಂಪು ಕೋಟು.

"ನಾನು ದೊರೆ," ಅಪ್ಪ ಶುರು ಮಾಡಿದ. "ಮೀಸೆ ಮೂಡಾಕೆ ಮುಂಚೆ ಹಡಗು ಹತ್ತಿದೆ. ಬಾವುಟ ಹೊರೋ ಕೆಲ್ಸ ಕೊಟ್ರು."

"ಅವ್ವನ ಸೆರಗು ಹಿಡ್ಕಂಡು ಅತ್ತಿದ್ಯಂತಲ್ಲೋ!" ಎಂದು ಗುಂಪಿನಿಂದ ಯಾರೋ ಕೂಗಿದರು. ಎಲ್ಲರೂ ನಕ್ಕರು. ಹಿಕ್ಕೆ ಹಾರಿತು.

"ಅತ್ತೆ. ಆಮ್ಯಾಲೆ ಅಳೋದು ಬಿಟ್ಟೆ. ಸುಡು ಅಂದ ಊರು ಸುಟ್ಟೆ, ಕ್ಯಾಪ್ಟನ್ ಆದೆ. ಸುಡು ಅನ್ನದಿದ್ದ ಊರೂ ಸುಟ್ಟೆ, ಕರ್ನಲ್ ಆದೆ. ಇಲ್ಲಿಗೆ ಬಂದು ಮನೆಮನೆ ಕಂಬ್ಳಿ ಕಿತ್ಕಂಡು ನನ್ನ ಸಿಪಾಯಿಗಳಿಗೆ ಹೊದಿಸ್ದೆ."

"ನೀನು ಹೊದ್ದಿರೋದೂ ನಮ್ಮಜ್ಜಿದೇ ಕಣೋ, ಬಿಚ್ಚಲೇ ಕಳ್ಳ!"

ಅಪ್ಪನೂ ನಕ್ಕುಬಿಟ್ಟ. ಆಮೇಲೆ ಅವನ ದನಿ ಇಳಿಯಿತು. "ಕೆರೆಗೆ ಕಾವಲಿಟ್ಟೆ. ನನ್ನ ಕುದುರೆ ಕುಡಿದ್ವು. ನಿಮ್ಮ ಕುರಿ ಸತ್ವು, ಕೂಸು ಸತ್ವು. ಒಬ್ಬ ಮುದುಕ ಬೊಗಸೆ ನೀರು ಕದ್ದ. ಆ ಆಲದ ಮರಕ್ಕೆ ನೇಣು ಹಾಕಿಸ್ದೆ."

ಈಗ ಯಾರೂ ನಗಲಿಲ್ಲ. ಹಿಕ್ಕೆ ಮಳೆಯಂತೆ ಸುರಿಯಿತು. ಅದರ ನಡುವೆ ‘ಟಕ್’ ಎಂದು ಒಂದು ಸದ್ದು. ಅಪ್ಪನ ಹುಬ್ಬಿನ ಮೇಲೆ ರಕ್ತ ಚಿಮ್ಮಿತು. ಮಡಿಲಿಗೆ ಬಿದ್ದದ್ದು ಹಿಕ್ಕೆಯಲ್ಲ, ಮೂಲೆ ಚೂಪಾದ ಬೆಣಚುಕಲ್ಲು.

ಅಪ್ಪ ಏಳಲಿಲ್ಲ. ಒಂದು ಕಣ್ಣು ಮುಚ್ಚಿಕೊಂಡೇ ಹೇಳಿ ಮುಗಿಸಿದ. "ಅದಕ್ಕೇ ನನ್ನ ಜನರಲ್ ಮಾಡಿದ್ರು. ಎದೆ ತುಂಬ ಪದಕ ಕೊಟ್ರು. ನನ್ನೂರಿಗೆ ಹೋಗಿ, ಮೆತ್ತನೆ ಹಾಸಿಗೆ ಮ್ಯಾಲೆ, ಮೊಮ್ಮಕ್ಳು ಕಾಲೊತ್ತೋವಾಗ ಸುಖವಾಗಿ ಸತ್ತೆ."

ಬೇರೆ ವರ್ಷಗಳಲ್ಲಿ ಇಷ್ಟು ಮುಗಿದದ್ದೇ ತಡ, "ನಂದೇ ಜೋರು ಏಟು, ನಂದೇ!" ಎಂದು ಚೊಂಬಿಗೆ ಕಿತ್ತಾಟ. ಆ ದಿನ ಚೊಂಬು ಇಟ್ಟಲ್ಲೇ ಇತ್ತು. ಅದನ್ನು ಮುಟ್ಟಿದವನೇ ಕಲ್ಲು ಹೊಡೆದವನು ಎಂದಾಗುತ್ತಿತ್ತಲ್ಲ!

"ಯಾರಪ್ಪಾ ಅದು, ಮುಂದಕ್ಕೆ ಬರ್ರಿ," ಎಂದರು ಊರ ಗೌಡರು. ಎಲ್ಲರೂ ತಂತಮ್ಮ ಕಾಲಬೆರಳು ನೋಡಿಕೊಂಡರು. ಹಿಂದಿನಿಂದ ಒಬ್ಬ, "ದೊರೆ ಅಂದ್ಮ್ಯಾಲೆ ವಸಿ ರಕ್ತ ಬರಾದೇಯ," ಎಂದ. ಕೆಲವರು ಕಿಸಕ್ಕೆಂದರು. ಮಕ್ಕಳೇ, ಕಲ್ಲಿನ ಸದ್ದಿಗಿಂತ ಆ ನಗೆ ನನಗಿನ್ನೂ ಚೆನ್ನಾಗಿ ನೆನಪಿದೆ.

ಅಪ್ಪನ ಗಾಯಕ್ಕೆ ನೊಣ ಮುತ್ತಿದವು. ಏರಿಯ ಕೆಳಗೆ ಕುರಿಗಳು ಬಂದು ಸೊರಸೊರ ನೀರು ಕುಡಿದು ಹೋದವು. ಅಪ್ಪ ಒಣತುಟಿಯನ್ನು ನಾಲಿಗೆಯಿಂದ ಸವರಿಕೊಂಡ. ರಾಮಗಿರಿ ಸ್ಟೇಷನ್ನಿನ ಕಡೆ ಸಂಜೆ ಗಾಡಿ ಕೂಗಿತು. "ಎಮ್ಮೆ ಹಾಲು ಕರೀಬೇಕು," ಎನ್ನುತ್ತ ಒಬ್ಬೊಬ್ಬರೇ ಎದ್ದರು.

ಆಗ ಅಕ್ಕ ಚೊಂಬು ಎತ್ತಿಕೊಂಡು ಕೆರೆಗೆ ಇಳಿದು, ನೀರು ತುಂಬಿಕೊಂಡು ಬಂದಳು.

"ಲೇ ಹುಡುಗಿ, ಮನೇರ ನೀರು ನಡೆಯಂಗಿಲ್ಲ!" ಗೌಡರು ಗದರಿದರು.

"ಹಂಗಾರೆ ನೀವೇ ಕೊಡ್ರಿ," ಎಂದು ಅಕ್ಕ ಚೊಂಬನ್ನು ಅವರ ಮುಂದೆ ಚಾಚಿದಳು. ಗೌಡರ ಕೈ ಮೇಲೇಳಲಿಲ್ಲ. ಅವಳು ಒಬ್ಬೊಬ್ಬರ ಮುಂದೆಯೂ ಚಾಚುತ್ತ ಬಂದಳು. ಎಲ್ಲರೂ ಮುಖ ತಿರುಗಿಸಿದರು. ಕೊನೆಗೆ ಅಪ್ಪನ ಬಾಯಿಗೇ ಹಿಡಿದಳು.

ಅಪ್ಪ ಗಟಗಟನೆ ಕುಡಿದ. ಕಂಬಳಿ ಬಿಚ್ಚಿ ಬಂಡೆಯ ಮೇಲಿಟ್ಟು, "ಕೆರೆಗೆ ಕಾವಲಿಟ್ಟೋನು ದೊರೆ ಒಬ್ನೇ ಅಂದ್ಕಂಡಿದ್ದೆ," ಎಂದಷ್ಟೇ ಹೇಳಿ ಮನೆಯ ಕಡೆ ನಡೆದ.

ಮರುದಿನ ಬೆಳಿಗ್ಗೆ ಬಾವಿಯಲ್ಲಿ ಅಕ್ಕನ ಕೊಡಕ್ಕೆ ಜಾಗ ಬಿಡಲಿಲ್ಲ. ಅಂಗಡಿಯಲ್ಲಿ ಬೆಂಕಿಪೊಟ್ಟಣ ಇದ್ದರೂ ಇಲ್ಲ ಎಂದರು. ಕುರಿಗಳನ್ನು ಹೊಡೆದುಕೊಂಡು ಹಿರಿಯೂರು ಸೀಮೆಗೆ ಬಂದೆವು. ಹೀಗೆ ನೀವೆಲ್ಲ ಇಲ್ಲಿಯವರಾದಿರಿ. ಅಪ್ಪನ ಹುಬ್ಬಿನ ಗೆರೆ ಅವನ ಜೊತೆಗೇ ಮಣ್ಣಾಯಿತು. ಕಲ್ಲು ಯಾರದೆಂದು ಇವತ್ತಿಗೂ ಗೊತ್ತಿಲ್ಲ.

ನಿಮ್ಮ ಶಾಲೆಯ ಪುಸ್ತಕದಲ್ಲಿ ಇಂಥ ಜನರಲ್‌ಗಳು ಎರಡು ಸಾಲಿನಲ್ಲಿ ಹುಟ್ಟಿ, ಗೆದ್ದು, ಸಾಯುತ್ತಾರೆ. ಅವರನ್ನು ಬೈಯಲು ನಿಮಗೆ ಬಂಡೆಯೂ ಬೇಡ, ಹಿಕ್ಕೆಯೂ ಬೇಡ. ಆದರೆ ಮೊನ್ನೆ ನಮ್ಮ ಪುಟ್ಟಿ ಊಟ ಬಿಟ್ಟು ಮೂಲೆಯಲ್ಲಿ ಕುಳಿತಿದ್ದಳು. ಫೋನಿನಲ್ಲಿ ಅವಳ ಫೋಟೊ ಕೆಳಗೆ ಯಾರೋ ಹೆಸರು ಮರೆಸಿಕೊಂಡು ಕೆಟ್ಟದಾಗಿ ಬರೆದಿದ್ದರಂತೆ, ಉಳಿದವರು ನಗುವ ಮುಖ ಹಾಕಿದ್ದರಂತೆ. ಯಾರಮ್ಮ ಅದು ಎಂದು ಕೇಳಿದೆ. "ಗೊತ್ತಾಗಲ್ಲ ತಾತ," ಎಂದಳು.

ನಾನು ಎದ್ದು ಹೋಗಿ ಒಂದು ಲೋಟ ನೀರು ತಂದುಕೊಟ್ಟೆ. ಮನೆಯವರ ನೀರು, ಕಟ್ಟಳೆಗೆ ನಡೆಯುವುದಿಲ್ಲ. ಕುಡಿದಳು.